ಸೌದೆ ಮೂರು ಗಾಡಿ, ಸರಪಳಿ ಎರಡು

ಸೌದೆ ಮೂರು ಗಾಡಿ, 12 ಶಿಲ್ಲಿಂಗ್. ಮುಳ್ಳುಪೊದೆಯ ಹೊರೆ ಒಂದು ಗಾಡಿ, 3 ಶಿಲ್ಲಿಂಗ್ 4 ಪೆನ್ಸ್. ಗಾಡಿ ಬಾಡಿಗೆ ಬೇರೆ. ಕಂಬ ಒಂದು. ಸರಪಳಿ ಎರಡು. ಕೊಂಡಿ ಎರಡು. ಕೂಲಿಯಾಳು ನಾಲ್ಕು. ಒಟ್ಟು 1 ಪೌಂಡ್ 5 ಶಿಲ್ಲಿಂಗ್ 2 ಪೆನ್ಸ್.

ಮದುವೆಮನೆಯ ಲೆಕ್ಕವಲ್ಲ. 1555ರ ಅಕ್ಟೋಬರ್ 16ರಂದು ಆಕ್ಸ್‌ಫರ್ಡ್‌ನಲ್ಲಿ ಹ್ಯೂ ಲ್ಯಾಟಿಮರ್, ನಿಕೊಲಸ್ ರಿಡ್ಲಿ ಎಂಬ ಇಬ್ಬರು ಪ್ರಾಟೆಸ್ಟೆಂಟ್ ಬಿಷಪ್‌ಗಳನ್ನು ಜೀವಂತ ಸುಟ್ಟ ಖರ್ಚು. ವಿದ್ಯೆಯ ಊರಲ್ಲವೇ, ಕೊಂಡಿಯ ಲೆಕ್ಕವನ್ನೂ ಬಿಟ್ಟಿಲ್ಲ.

ಇವರ ಅಪರಾಧ? ಪೂಜೆಯ ರೊಟ್ಟಿ ಕ್ರಿಸ್ತನ ನಿಜದೇಹವಾಗುತ್ತದೆ ಎಂದು ಒಪ್ಪಲಿಲ್ಲ.

ಚರ್ಚು ಮಾತ್ರ ರಕ್ತ ಚೆಲ್ಲುವುದಿಲ್ಲವಂತೆ. ಬಲು ಮೃದು ಮನಸ್ಸು. ತೀರ್ಪು ಕೊಡುತ್ತದೆ, ಆಸಾಮಿಯನ್ನು ಸರ್ಕಾರದ ಕೈಗೆ ಒಪ್ಪಿಸುತ್ತದೆ, ಕೈ ತೊಳೆದುಕೊಳ್ಳುತ್ತದೆ. ಸುಡುವುದು ಸರ್ಕಾರದ ಕೆಲಸ. ಅಲ್ಲದೆ, ಸುಟ್ಟರೆ ರಕ್ತ ಎಲ್ಲಿ ಚೆಲ್ಲುತ್ತದೆ?

ರಿಡ್ಲಿ ಬೇಗ ಸಾಯಲಿ ಎಂದು ಅವನ ಭಾವ ಸೌದೆಯನ್ನು ಒತ್ತೊತ್ತಾಗಿ ಪೇರಿಸಿದ. ಪ್ರೀತಿಯಿಂದಲೇ. ಜ್ವಾಲೆ ಮೇಲೇಳಲಿಲ್ಲ. ಕಾಲುಗಳು ಬೆಂದುಹೋದವು, ಮೇಲಿನ ಅಂಗಿ ಹಾಗೇ ಇತ್ತು. ಕೊರಳಿಗೆ ಕಟ್ಟಿದ್ದ ಸಿಡಿಮದ್ದಿನ ಚೀಲಕ್ಕೆ ಕಿಡಿ ತಾಗುವ ಹೊತ್ತಿಗೆ ಬಹಳ ತಡವಾಗಿತ್ತು.

ಮೂರನೆಯವನು ಆರ್ಚ್‌ಬಿಷಪ್ ಥಾಮಸ್ ಕ್ರಾನ್ಮರ್. ಹೆದರಿ ಆರು ಸಲ ತಪ್ಪೊಪ್ಪಿಗೆ ಬರೆದುಕೊಟ್ಟ. ತಪ್ಪೊಪ್ಪಿದವನನ್ನು ಉಳಿಸುವುದು ವಾಡಿಕೆ. ಇಂಗ್ಲೆಂಡಿನ ಕ್ಯಾಥೊಲಿಕ್ ರಾಣಿ ಮೇರಿಗೆ ವಾಡಿಕೆ ಮರೆತುಹೋಯಿತು. ಅವಳ ತಾಯಿಯ ಮದುವೆಯನ್ನು 1533ರಲ್ಲಿ ಅಸಿಂಧು ಎಂದವನು ಇದೇ ಕ್ರಾನ್ಮರ್, ಅದು ಮರೆತಿರಲಿಲ್ಲ. 1556ರ ಮಾರ್ಚ್ 21ರಂದು ಆತ ಒಪ್ಪಿಗೆಗಳನ್ನೆಲ್ಲ ತುಂಬಿದ ಚರ್ಚಿನಲ್ಲೇ ಹಿಂತೆಗೆದುಕೊಂಡ. ಸಹಿ ಹಾಕಿದ ಬಲಗೈಯನ್ನೇ ಮೊದಲು ಬೆಂಕಿಗೆ ಹಿಡಿದ.

ಕಣ್ಣೊರೆಸಿಕೊಳ್ಳಿ. ಆದರೆ ಕರವಸ್ತ್ರ ಮಡಚಿಡಬೇಡಿ.

1538ರಲ್ಲಿ ಲಂಡನ್ನಿನ ಸ್ಮಿತ್‌ಫೀಲ್ಡ್‌ನಲ್ಲಿ ಜಾನ್ ಫಾರೆಸ್ಟ್ ಎಂಬ ಕ್ಯಾಥೊಲಿಕ್ ಸನ್ಯಾಸಿಯನ್ನು ಬೆಂಕಿಯ ಮೇಲೆ ತೂಗುಹಾಕಿ ಕೊಂದರು. ಅಲ್ಲಿ ಪ್ರವಚನ ಮಾಡಿದವರು ಯಾರು? ಪೂಜ್ಯ ಲ್ಯಾಟಿಮರ್. 1550ರಲ್ಲಿ ಜೋನ್ ಬೋಚರ್ ಎಂಬ ಹೆಂಗಸನ್ನು ಧರ್ಮದ್ರೋಹಿ ಎಂದು ಸುಟ್ಟರು. ತೀರ್ಪು ಯಾರದು? ಪೂಜ್ಯ ಕ್ರಾನ್ಮರ್ ಅವರದು. ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ. ಸೌದೆಗೆ ಎಲ್ಲ ಕಾಲವೂ ಒಂದೇ.

ಪಕ್ಷಪಾತ ಎನ್ನುವವರಿಗೆ ಮೇರಿಯ ಅಪ್ಪ ಎಂಟನೇ ಹೆನ್ರಿ ಆಗಲೇ ಉತ್ತರ ಕೊಟ್ಟಿದ್ದ. 1540ರ ಜುಲೈ 30ರಂದು, ಅದೇ ಸ್ಮಿತ್‌ಫೀಲ್ಡ್‌ನಲ್ಲಿ, ಮೂವರು ಪ್ರಾಟೆಸ್ಟೆಂಟ್ ಪಾದ್ರಿಗಳನ್ನು ಸುಟ್ಟ. ಪೋಪನನ್ನು ಬಿಡದ ಮೂವರು ಕ್ಯಾಥೊಲಿಕ್ ಪಾದ್ರಿಗಳನ್ನು ಗಲ್ಲಿಗೇರಿಸಿ ಸೀಳಿಸಿದ. ಒಂದೇ ದಿನ. ಎಳೆತಂದ ತಡಿಕೆ ಮೂರು. ಒಂದೊಂದಕ್ಕೂ ಆ ಮತದವನೊಬ್ಬ, ಈ ಮತದವನೊಬ್ಬ. ಇದಕ್ಕಿಂತ ಸರ್ವಧರ್ಮ ಸಮಭಾವ ಬೇಕೆ? ಪೋಪ್ ಈ ಮಹಾಶಯನಿಗೆ ಕೊಟ್ಟಿದ್ದ ಬಿರುದು ‘ಧರ್ಮರಕ್ಷಕ’. ಅದು ಬ್ರಿಟನ್ನಿನ ನಾಣ್ಯಗಳ ಮೇಲೆ ಇಂದಿಗೂ ಇದೆ.

ಮೇರಿ ಸತ್ತಳು. ಪ್ರಾಟೆಸ್ಟೆಂಟ್ ರಾಣಿ ಎಲಿಜಬೆತ್ ಬಂದಳು. ಸುಟ್ಟುಹೋದವರು ಹುತಾತ್ಮರಾದರು. ಈಗ ಕ್ಯಾಥೊಲಿಕ್ ಪಾದ್ರಿಗಳ ಸರದಿ: ನೂರಕ್ಕೂ ಹೆಚ್ಚು ಮಂದಿಗೆ ನೇಣು. ಧರ್ಮಕ್ಕಾಗಿ ಅಲ್ಲ, ರಾಜದ್ರೋಹಕ್ಕಾಗಿ ಎಂದರು. ಸುಧಾರಣೆ ಎಂದರೆ ಇದೇ: ಸೌದೆಯ ಬದಲು ಹಗ್ಗ.

ಆಕ್ಸ್‌ಫರ್ಡ್‌ನ ನಗರಾಧಿಕಾರಿಗಳೂ ಎದ್ದು ಕೂತರು. ಹೊಸ ಪ್ರಾಟೆಸ್ಟೆಂಟ್ ಆರ್ಚ್‌ಬಿಷಪ್‌ಗೆ ಅರ್ಜಿ ಹಾಕಿದರು. ಪಶ್ಚಾತ್ತಾಪದ ಅರ್ಜಿಯಲ್ಲ. ಸೆರೆಯಲ್ಲಿದ್ದಾಗ ಆ ಮೂವರಿಗೆ ಊಟ ಹಾಕಿದ ಬಾಕಿ ಬಂದಿಲ್ಲ, ಕೊಡಿಸಿ ಎಂದು.

ಉರಿಯುವ ಮನೆಯಲ್ಲಿ ಗಳ ಹಿರಿಯುವವರನ್ನು ಕಂಡಿದ್ದೇವೆ. ಇವರು ಆರಿದ ಬೂದಿಯಲ್ಲೂ ಹಿರಿದರು.