ಒಂದು ಗುಲಗಂಜಿ ಹೆಚ್ಚು ತೂಗುವ ಅಪ್ಪ

ತಿ. ನರಸೀಪುರದ ಗುಂಜಾ ನರಸಿಂಹಸ್ವಾಮಿಯ ಕೈಯಲ್ಲಿ ಗುಲಗಂಜಿ ಇದೆ. ಪುಣ್ಯದಲ್ಲಿ ಕಾಶಿಗಿಂತ ಈ ಊರು ಅಷ್ಟು ಹೆಚ್ಚು ತೂಗುತ್ತದಂತೆ. ಈ ಸೀಮೆಯ ಕೆಲವು ಅಪ್ಪಂದಿರದೂ ಅದೇ ಲೆಕ್ಕ: ಕಾನೂನು ಎಷ್ಟೇ ತೂಗಲಿ, ಅಪ್ಪ ಒಂದು ಗುಲಗಂಜಿ ಮೇಲೆಯೇ.

ಮಗಳು ಒಂಬತ್ತನೇ ಕ್ಲಾಸು. ಬಸ್‌ಸ್ಟ್ಯಾಂಡಿನಲ್ಲಿ ಯಾವನೋ ಹುಡುಗನ ಜತೆ ನಕ್ಕಳಂತೆ. ಅಲ್ಲಿಯವರೆಗೆ ‘ನಮ್ಮವ್ವ ಹುಟ್ಟಿ ಬಂದವ್ಳೆ’ ಎಂದು ಮುದ್ದು ಮಾಡುತ್ತಿದ್ದ ಅಪ್ಪ, ಆ ಸಂಜೆಯಿಂದ ಅವಳ ಬ್ಯಾಗು ತಡಕುತ್ತಾನೆ, ಶಾಲೆ ಗೇಟಿನಲ್ಲಿ ಬೈಕು ನಿಲ್ಲಿಸಿಕೊಂಡು ಕಾಯುತ್ತಾನೆ. ಹದಿನೈದು ದಿನದಲ್ಲಿ ಮನೆ ಮುಂದೆ ಚಪ್ಪರ.

ಯಾರೋ ಪುಣ್ಯಾತ್ಮರು ಮಕ್ಕಳ ಸಹಾಯವಾಣಿ 1098ಕ್ಕೆ ಫೋನು ಮಾಡುತ್ತಾರೆ. ಸಿಡಿಪಿಒ, ಪಿಡಿಒ, ಪೊಲೀಸರು ಎಲ್ಲರೂ ಒಂದೇ ಜೀಪಿನಲ್ಲಿ.

“ನನ್ ಮಗ ಸಾ ಅದು, ನಾ ಏನಾರ ಮಾಡ್ಕತೀನಿ. ನಿಮಗ್ಯಾಕೆ?”

“ನಿಂಗೆ ಒಪ್ಗೆ ಇತ್ತೇನವ್ವಾ?”

ಹುಡುಗಿ ಅಪ್ಪನ ಮುಖ ನೋಡಿ “ಹೂಂ ಸಾ” ಅನ್ನುತ್ತಾಳೆ. ಅಪ್ಪನನ್ನು ಪಕ್ಕದಲ್ಲೇ ನಿಲ್ಲಿಸಿಕೊಂಡು ಕೇಳುವುದು ನಮ್ಮ ತನಿಖೆಯ ಸೊಬಗು. ಆಮೇಲೆ ಮುಚ್ಚಳಿಕೆ: ಹದಿನೆಂಟು ತುಂಬುವವರೆಗೆ ಮದುವೆ ಮಾಡುವುದಿಲ್ಲ. ಅಪ್ಪನ ರುಜು, ಇಬ್ಬರು ಸಾಕ್ಷಿ. ಸಾಕ್ಷಿಗಳು ಮದುವೆಯೂಟಕ್ಕೆ ಬಂದಿದ್ದವರೇ. ಜೀಪು ತಿರುಗಿದ ಮೇಲೆ ಮನೆಯಲ್ಲಿ ಉಳಿಯುವುದು ಅಪ್ಪ, ಮಗಳು, ಮತ್ತು ಮುಚ್ಚಳಿಕೆಯ ಒಂದು ಜೆರಾಕ್ಸು. ಛತ್ರದವನು ಅಡ್ವಾನ್ಸ್ ವಾಪಸು ಕೊಡಲಿಲ್ಲವೆಂಬ ಸಿಟ್ಟು ಯಾರ ಮೇಲೆ ತೀರಿತೆಂದು ಕೇಳಲು ಆ ಜೀಪು ಮತ್ತೆ ಬರುವುದಿಲ್ಲ.

ಕಾನೂನಿನಲ್ಲಿ ಮಾತ್ರ ನಾವು ದೇಶಕ್ಕೇ ಮೇಷ್ಟರು. ಬಾಲ್ಯವಿವಾಹ ಮೊದಲಿನಿಂದಲೇ ಅಸಿಂಧು ಎಂದು 2016ರಲ್ಲೇ ಕರ್ನಾಟಕ ತಿದ್ದುಪಡಿ ತಂದಿತು. ಉಳಿದ ರಾಜ್ಯಗಳೂ ಇದನ್ನು ಅನುಸರಿಸಲೆಂದು 2017ರಲ್ಲಿ ಸುಪ್ರೀಂ ಕೋರ್ಟೇ ಹೊಗಳಿತು. ಆ ತಿದ್ದುಪಡಿ ಮದುವೆಯನ್ನು ರದ್ದು ಮಾಡುತ್ತದೆ. ಅಪ್ಪನ ಭಯವನ್ನು ರದ್ದು ಮಾಡುವ ಕಲಂ ಅದರಲ್ಲಿಲ್ಲ.

ಇದೇ ಮೈಸೂರು ಜಿಲ್ಲೆಯ ಪಿರಿಯಾಪಟ್ಟಣ ತಾಲ್ಲೂಕಿನಲ್ಲಿ ದಲಿತ ಹುಡುಗನನ್ನು ಇಷ್ಟಪಟ್ಟ ಹದಿನೇಳರ ಹುಡುಗಿಯೊಬ್ಬಳು ಬಾಲಮಂದಿರದಿಂದ ಮನೆಗೆ ಮರಳಿದಳು. ಕೆಲವೇ ದಿನಗಳಲ್ಲಿ, 2022ರ ಜೂನ್‌ನಲ್ಲಿ, ಕೊಲೆಯಾದಳು. ಕೊಂದವನು ನಾನೇ ಎಂದು ಠಾಣೆಗೆ ಹೋದವನು ಅಪ್ಪ. ‘ಮರ್ಯಾದೆ’ ಉಳಿಯಿತು ಎನ್ನುವವರು ಆಗಲೂ ಇದ್ದರು, ಟೀ ಅಂಗಡಿಗಳಲ್ಲಿ ಈಗಲೂ ಇದ್ದಾರೆ.

ನಮ್ಮ ಮುಚ್ಚಳಿಕೆಯ ಅಪ್ಪ ಅಷ್ಟು ಕೆಟ್ಟವನಲ್ಲ, ಪಾಪ. ಸೋಮವಾರ ಶಾಲೆಗೆ ಹೋಗಿ ಟಿ.ಸಿ. ಕೇಳುತ್ತಾನೆ, ಅಷ್ಟೆ. ಹೆಡ್‌ಮಾಸ್ಟರೂ ಬಾಲ್ಯವಿವಾಹ ನಿಷೇಧಾಧಿಕಾರಿಯೇ. ಕಾರಣದ ಕಾಲಂನಲ್ಲಿ ‘ಪೋಷಕರ ಕೋರಿಕೆಯ ಮೇರೆಗೆ’ ಎಂದು ದುಂಡಗೆ ಬರೆದು, ಸೀಲು ಒತ್ತಿಕೊಡುತ್ತಾರೆ.