ಬೈಯಲಾಗದ ಹೆಸರು

ತುರ್ಕಿಯ ಯಾವುದಾದರೊಂದು ಪೇಟೆಯ ನಡುವೆ ನಿಂತು ‘ಮೆಹ್ಮೆತ್’ ಎಂದು ಗಟ್ಟಿಯಾಗಿ ಕೂಗಿದರೆ ಹಿಂತಿರುಗಿ ನೋಡುವ ತಲೆಗಳು ಹಲವಾದಾವು. ಅಷ್ಟು ಬಳಕೆಯಲ್ಲಿರುವ ಆ ನಾಮಧೇಯವು ಅರಬ್ಬಿಯ ‘ಮುಹಮ್ಮದ್’ ಎಂಬುದರ ತುರ್ಕೀ ರೂಪ, ಬಹುವಾಗಿ ಸ್ತುತಿಸಲ್ಪಟ್ಟವನೆಂದು ಅದರ ಅರ್ಥ. ಅಹ್ಮೆತ್, ಮಹ್ಮುತ್ ಎಂಬ ಹೆಸರುಗಳೂ ಅದೇ ಧಾತುವಿನಿಂದ ಹುಟ್ಟಿದವಾದ್ದರಿಂದ, ಈ ಮೂವರು ಸೋದರರಿರುವ ಮನೆಯಲ್ಲಿ ತಂದೆಯು ಮಕ್ಕಳನ್ನು ಊಟಕ್ಕೆ ಕರೆದನೆಂದರೆ ಸಣ್ಣದೊಂದು ಸ್ತೋತ್ರವನ್ನೇ ಪಠಿಸಿದಂತಾಗುತ್ತದೆ.

ಆದರೆ ಪ್ರವಾದಿಯ ಹೆಸರನ್ನು ಹೊತ್ತವನೂ ಮನುಷ್ಯನೇ. ಬಾಲ್ಯದಲ್ಲಿ ಹಾಲು ಚೆಲ್ಲುವನು, ಪ್ರಾಯದಲ್ಲಿ ಸಾಲ ಮಾಡುವನು, ಅವನನ್ನು ಬೈಯದೆ ಲೋಕವ್ಯವಹಾರವು ಸಾಗದು. ಬೈಯಹೊರಟರೋ, ಬಾಯಿಗೆ ಬರುವುದು ಪವಿತ್ರನಾಮ! ಈ ಧರ್ಮಸಂಕಟದಿಂದ ಪಾರಾಗಲೆಂದೇ ತುರ್ಕರು ಪೂರ್ಣನಾಮವನ್ನು ಪ್ರವಾದಿಗೆ ಬಿಟ್ಟು, ಹುಲುಮಾನವರಿಗೆ ತುಸು ಬಾಗಿಸಿದ ರೂಪವನ್ನು ಕೊಟ್ಟರೆಂಬುದು ಅಲ್ಲಿ ರೂಢಿಯಲ್ಲಿರುವ ವಿವರಣೆ. ಅರಬ್ಬಿ ಲಿಪಿಯಲ್ಲಿ ಒಂದೇ ಬಗೆಯಾಗಿ ಬರೆಯಲ್ಪಡುತ್ತಿದ್ದ ಈ ಎರಡು ಹೆಸರುಗಳು 1928ರಲ್ಲಿ ಲ್ಯಾಟಿನ್ ಲಿಪಿ ಬಂದ ಬಳಿಕ ಕಾಗದದ ಮೇಲೂ ಬೇರೆಯಾದವು.

ನಮ್ಮ ಹಳೆಯ ಮನೆಗಳಿಗೆ ಈ ಸಂಕಟವು ಅಪರಿಚಿತವಲ್ಲ. ಮೊಮ್ಮಗನಿಗೆ ತಾತನ ಹೆಸರಿಡುವುದು ಪದ್ಧತಿ. ಮಾವನವರ ಹೆಸರನ್ನು ಸೊಸೆಯು ಉಚ್ಚರಿಸಬಾರದೆಂಬುದೂ ಪದ್ಧತಿ. ಇವೆರಡರ ನಡುವೆ ಸಿಕ್ಕಿಬಿದ್ದ ತಾಯಿಯು ಹುಡುಗನನ್ನು ಗದರಿಸುವುದೆಂತು? ತಾತನ ಹೆಸರನ್ನು ಪಡೆದ ನಾನು ಆ ಹೆಸರಿನಿಂದ ಬೈಗುಳವನ್ನು ತಿಂದುದೇ ಇಲ್ಲ. ತಿಂದುದೆಲ್ಲವೂ ‘ಪುಟ್ಟ’ನ ಲೆಕ್ಕಕ್ಕೆ ಜಮೆಯಾಯಿತು. ದೇವರ ವಿಷಯದಲ್ಲಿ ಮಾತ್ರ ನಮ್ಮ ನೀತಿಯು ತದ್ವಿರುದ್ಧವಾದುದು: ಅಜಾಮಿಳನು ನಾರಾಯಣನೆಂಬ ಮಗನನ್ನು ಕೂಗಿಯೇ ಸದ್ಗತಿಯನ್ನು ಪಡೆದನೆಂದು ಕೇಳಿರುವ ನಾವು, ಬೈಗುಳದೊಡನೆ ಬಂದರೂ ನಾಮಸ್ಮರಣೆಯು ನಾಮಸ್ಮರಣೆಯೇ ಎಂದು, ಮನೆಯ ನಾರಾಯಣರನ್ನು ಧಾರಾಳವಾಗಿ ಬೈಯುತ್ತೇವೆ.

ಹೆಸರಿನ ಅರ್ಥವು ಹೆಸರುಳ್ಳವನಲ್ಲಿ ನೆಲೆಸಲೇಬೇಕೆಂಬ ನಿಯಮವಿಲ್ಲ. ಆಟೊಮನ್ ಸಿಂಹಾಸನವನ್ನೇರಿದ ಆರು ಮಂದಿ ಮೆಹ್ಮೆದರಲ್ಲಿ ಎರಡನೆಯವನು 1453ರಲ್ಲಿ ಕಾನ್‌ಸ್ಟಾಂಟಿನೋಪಲನ್ನು ಗೆದ್ದು ಹೆಸರನ್ನು ಉಳಿಸಿಕೊಂಡನು. ಮೂರನೆಯವನು 1595ರಲ್ಲಿ ಪಟ್ಟವೇರಿದೊಡನೆ ತನ್ನ 19 ಮಂದಿ ಸೋದರರನ್ನು ಕೊಲ್ಲಿಸಿದನು. ಆರನೆಯವನು 1922ರಲ್ಲಿ ಬ್ರಿಟಿಷರ ಯುದ್ಧನೌಕೆಯನ್ನೇರಿ ದೇಶವನ್ನೇ ಬಿಟ್ಟನು. ಎರಡನೆಯ ಮೆಹ್ಮೆದನಿಗೆ ಬಲಿಯಾಗಬೇಕಿದ್ದು ಹೇಗೋ ಬದುಕಿಕೊಂಡ ತಮ್ಮನೇ ಬಿಜಾಪುರದ ಯೂಸುಫ್ ಆದಿಲ್ ಶಾಹನೆಂದು ಚರಿತ್ರಕಾರ ಫಿರಿಷ್ತಾ ಬರೆದಿರುವನು. ಇತಿಹಾಸಜ್ಞರಿಗೆ ಅದರಲ್ಲಿ ವಿಶ್ವಾಸ ಸಾಲದು, ಕಥಾಪ್ರಿಯನಾದ ನನಗೆ ಧಾರಾಳವಾಗಿ ಇದೆ. ಆ ವಂಶದ ಮಹಮ್ಮದ್ ಆದಿಲ್ ಶಾಹನಿಗಂತೂ ಹೆಸರನ್ನು ಮೊಟಕುಗೊಳಿಸಿಕೊಳ್ಳುವ ಗೊಡವೆಯಿರಲಿಲ್ಲ; ಅವನು ಮಲಗಿರುವ ಗೋಳಗುಮ್ಮಟದಲ್ಲಿ ಯಾರಾದರೂ ಅವನನ್ನು ಒಮ್ಮೆ ಹೊಗಳಿದರೆ, ಗುಮ್ಮಟವೇ ಹಲವು ಬಾರಿ ಹೊಗಳುತ್ತದೆ. ಬೈದರೂ ಅಷ್ಟೇ ಬಾರಿ ಬೈಯುತ್ತದೆಂಬುದು ಬೇರೆ ಮಾತು.

ತುರ್ಕಿಯ ಜನರು ತಮ್ಮ ಸಾಮಾನ್ಯ ಸೈನಿಕನನ್ನು ‘ಮೆಹ್ಮೆತ್‌ಚಿಕ್’, ಎಂದರೆ ಪುಟ್ಟ ಮೆಹ್ಮೆತ್, ಎಂದು ಅಕ್ಕರೆಯಿಂದ ಕರೆಯುತ್ತಾರೆ. ಊರಿನಿಂದ ಬಂದು ಗಲಿಪೊಲಿಯ ಕಂದಕಗಳಲ್ಲಿ ನಿಂತ ಆ ಅನಾಮಧೇಯನು ಸುಲ್ತಾನರೆಲ್ಲರಿಗಿಂತ ಈ ಹೆಸರಿಗೆ ಹೆಚ್ಚು ಅರ್ಹನೆಂದೇ ನನ್ನ ತೀರ್ಮಾನ. ಇನ್ನು, ಮೊಮ್ಮಗನಿಗೆ ಘನವಾದ ಹೆಸರೊಂದನ್ನು ಹುಡುಕುತ್ತಿರುವ ವಾಚಕರಲ್ಲಿ ಒಂದು ವಿಜ್ಞಾಪನೆ: ಬೈಯುವುದಕ್ಕೊಂದು ಚಿಕ್ಕ ಹೆಸರನ್ನೂ ನಾಮಕರಣದ ದಿನವೇ ಗೊತ್ತುಮಾಡಿಬಿಡಿರಿ.