ಯಾವುದಾದ್ರೂ ನಡೆಯುತ್ತೆ: ದಾಕ್ಷಿಣ್ಯದ ವ್ಯಾಕರಣ ಕುರಿತು ಕಿರುವಿವೇಚನೆ

ದಾಕ್ಷಿಣ್ಯ ಎಂಬ ಪದ ‘ದಕ್ಷಿಣ’ದಿಂದ ಹುಟ್ಟಿದ್ದು. ದಕ್ಷಿಣ ಎಂದರೆ ಬಲಗಡೆ, ತೆಂಕಣ ದಿಕ್ಕು, ಜೊತೆಗೆ ನಯವಂತ. ಆದ್ದರಿಂದ ತೆಂಕಣದವರಾದ ನಾವು ಈ ಗುಣದ ಹುಟ್ಟಾ ಹಕ್ಕುದಾರರೆಂಬುದು ಪ್ರಬಂಧಕಾರನ ಮೊದಲ ಸಿದ್ಧಾಂತ. ಬಡಗಣದ ಪಂಡಿತರು ಒಪ್ಪದಿದ್ದರೂ ಪರವಾಗಿಲ್ಲ (ಇದೂ ದಾಕ್ಷಿಣ್ಯವೇ).

ಹತ್ತನೆಯ ಶತಮಾನದ ಧನಂಜಯ ‘ದಶರೂಪಕ’ದಲ್ಲಿ ದಕ್ಷಿಣನಾಯಕನ ಲಕ್ಷಣ ಹೇಳಿದ್ದಾನೆ: ಹೊಸಬಳಿಗೆ ಮನಸೋತರೂ ಹಳಬಳ ಮನ ನೋಯಿಸದವನು. ನಿನಗೆ ನಿಜಕ್ಕೂ ಯಾರು ಬೇಕಪ್ಪಾ ಎಂದು ಆ ಬಡಪಾಯಿಯನ್ನು ಯಾರೂ ಕೇಳಿದಂತಿಲ್ಲ. ಕೇಳಿದ್ದರೆ ‘ಯಾರಾದ್ರೂ ನಡೆಯುತ್ತೆ’ ಎನ್ನುತ್ತಿದ್ದ.

ತಿರುಳಿರುವುದು ಈ ‘ನಡೆಯುತ್ತೆ’ಯಲ್ಲೇ. ‘ಕುಡಿಯುತ್ತೇನೆ’ ಎಂದರೆ, ‘ನಾನು’ ಎಂದು ಬಾಯಿಬಿಟ್ಟು ಹೇಳದಿದ್ದರೂ ಕ್ರಿಯಾಪದದ ಬಾಲದಲ್ಲಿ ನಾನು ಕೂತಿರುತ್ತೇನೆ. ‘ಕಾಫಿನೋ ಟೀನೋ?’ ಎಂದು ಯಾರಾದರೂ ಕೇಳಿದ ಕೂಡಲೇ ಬಾಲ ಬದಲಾಗುತ್ತದೆ: ‘ಯಾವುದಾದ್ರೂ ನಡೆಯುತ್ತೆ.’ ನಡೆಯುವುದು ಕಾಫಿ, ನಪುಂಸಕಲಿಂಗ, ಏಕವಚನ. ಕುಡಿಯುವವನು ವಾಕ್ಯದಿಂದ ಎದ್ದು ಹೋಗಿರುತ್ತಾನೆ. ಹದಿಮೂರನೆಯ ಶತಮಾನದ ಕೇಶಿರಾಜ ‘ಶಬ್ದಮಣಿದರ್ಪಣ’ದಲ್ಲಿ ಲೋಪಸಂಧಿಯನ್ನು ವಿವರಿಸಿ ಅತಿಥಿಲೋಪವನ್ನು ಕೈಬಿಟ್ಟಿದ್ದಾನೆ. ಅವನ ತಪ್ಪಲ್ಲ, ಆಗಿನ್ನೂ ಕಾಫಿ ಬಂದಿರಲಿಲ್ಲ.

ಅಮೆರಿಕದ ಸಾಲೊಮನ್ ಆಶ್ 1950ರ ದಶಕದಲ್ಲಿ ಗೆರೆಗಳ ಉದ್ದ ಹೋಲಿಸುವ ಪ್ರಯೋಗ ಮಾಡಿದ. ಜೊತೆಗಿದ್ದವರೆಲ್ಲ ಮೊದಲೇ ಮಾತಾಡಿಕೊಂಡು ತಪ್ಪು ಗೆರೆ ತೋರಿಸಿದರೆ, ನಾಲ್ವರಲ್ಲಿ ಸುಮಾರು ಮೂವರು ಒಮ್ಮೆಯಾದರೂ ಅದಕ್ಕೇ ಹೂಂಗುಟ್ಟಿದರು. ಒಬ್ಬನೇ ಒಬ್ಬ ಸರಿಯುತ್ತರ ಹೇಳಿಬಿಟ್ಟರೆ ಮಾತ್ರ ಹೂಂಗುಟ್ಟುವುದು ತೀರಾ ಇಳಿಯಿತು. ಇದಕ್ಕೆ ಪ್ರಯೋಗಶಾಲೆ ಏಕೆ? ನಂಟರ ಜೊತೆ ಹೋಟೆಲಿಗೆ ಹೋದರಾಯಿತು.

ಹೋದೆವು. ಭಾವ ‘ಕಾಫಿ’ ಎಂದರು. ಅತ್ತಿಗೆ ‘ನನಗೂ ಅದೇ’. ಟೀ ಬಿಟ್ಟು ಬೇರೇನೂ ಮುಟ್ಟದ ಚಿಕ್ಕಪ್ಪ, ‘ಎಲ್ಲರಿಗೂ ಒಂದೇ ಹೇಳಿಬಿಡಿ, ಪಾಪ, ಮಾಣಿಗೂ ಸುಲಭ’ ಎಂದರು. ಪ್ರಬಂಧಕಾರನಿಗೆ ಬೇಕಿದ್ದದ್ದು ಬಾದಾಮಿ ಹಾಲು; ಹೊರಟಿದ್ದು ‘ಹೂಂ’. ಅಷ್ಟರಲ್ಲಿ ಅಣ್ಣನ ಮಗಳು ಮೇಜು ಬಡಿದಳು: ‘ನಂಗೆ ಕಾಫಿ ಬೇಡ. ಬಾದಾಮಿ ಹಾಲು!’

‘ಹಾಗಾದ್ರೆ ನಂದು ಟೀ ಮಾಡಪ್ಪಾ’ ಎಂದರು ಚಿಕ್ಕಪ್ಪ. ಅತ್ತಿಗೆಯೂ ಬಾದಾಮಿ ಹಾಲಿಗೆ ಜಾರಿದರು. ‘ಸಾರ್, ನಿಮ್ದು?’

ಬರೆದುಕೊಂಡಿದ್ದನ್ನು ಮೂರನೇ ಸಲ ಹೊಡೆದುಹಾಕಿಸುವುದು ಹೇಗೆ? ‘ಇರಲಿ ಬಿಡು, ಕಾಫೀನೇ ನಡೆಯುತ್ತೆ.’

ಬಾದಾಮಿ ಹಾಲು ಎರಡು, ಟೀ ಒಂದು, ಕಾಫಿ ಎರಡು ಬಂದವು. ಕಾಫಿಗೆ ಸಕ್ಕರೆ ಜಾಸ್ತಿಯಾಗಿತ್ತು. ‘ಚೆನ್ನಾಗಿದೆ’ ಎಂದು ಹೇಳಲಾಯಿತು.